ಸಾಲ 50 ಲಕ್ಷ, ಕಟ್ಟೋದು ಕೋಟಿ ಮೇಲೆ: ಮನೆ ಸಾಲದ ನಿಜವಾದ ಖರ್ಚು ಯಾವುದು?

ನೀಲಿಕೊಡೆ
ಎಲ್ಲರಿಗೂ ನಮಸ್ಕಾರ. ನಾನು, ನನ್ನ ಯಜಮಾನರು ಮನೆ ಸಾಲಕ್ಕೆ ಸಹಿ ಹಾಕುವ ಹಂತದಲ್ಲಿದ್ದೇವೆ. 50 ಲಕ್ಷ, ಬದಲಾಗುವ ಬಡ್ಡಿ, ಈಗಿನ ದರ ಶೇ. 8.5, ಅವಧಿ 20 ವರ್ಷ. ಇಎಂಐ 43,391. ನಮ್ಮಿಬ್ಬರ ಸಂಬಳಕ್ಕೆ ಅದು ಹೊರೆ ಅಲ್ಲ.

ನಿನ್ನೆ ರಾತ್ರಿ ಸುಮ್ನೆ ಕೂತು 43,391ನ್ನು 240ರಿಂದ ಗುಣಿಸಿದೆ. 1 ಕೋಟಿ 4 ಲಕ್ಷ ಬಂತು. ಅಂದರೆ ಬಡ್ಡಿಯೇ 54 ಲಕ್ಷ, ಅಸಲಿಗಿಂತ ಜಾಸ್ತಿ! ಸಾಲ ಕೊಡುವವರ ಕಡೆಯ ಹುಡುಗನನ್ನು ಕೇಳಿದರೆ, "ಮೇಡಂ, ಎಲ್ಲರೂ ಇಎಂಐ ನೋಡ್ತಾರೆ, ನೀವ್ಯಾಕೆ ಅದನ್ನೆಲ್ಲ ಕೂಡಿಸಿ ತಲೆ ಕೆಡಿಸಿಕೊಳ್ತೀರಿ" ಅಂದ. 30 ವರ್ಷಕ್ಕೆ ಮಾಡಿಸಿದರೆ 38,446 ಆಗುತ್ತೆ, ಆರಾಮಾಗಿರಿ ಅಂತ ಸಲಹೆ ಬೇರೆ.

ನನ್ನ ಪ್ರಶ್ನೆ ಇಷ್ಟೇ. ಈ ಸಾಲದ ನಿಜವಾದ ಖರ್ಚು ಅಂದರೆ ಆ 54 ಲಕ್ಷವಾ? ಅಥವಾ ಬೇರೆ ಏನಾದರೂ ನೋಡಬೇಕಾ?

ಟೀವಿರಾಮ
ಗುಣಿಸಬಾರದಿತ್ತು ಮೇಡಂ. ರಾತ್ರಿ ಹೊತ್ತು ಗುಣಾಕಾರ ನಿದ್ದೆಗೆ ಒಳ್ಳೆಯದಲ್ಲ.

ಗುಬ್ಬಚ್ಚಿ
54 ಲಕ್ಷ ಅನ್ನೋದು ಎಲ್ಲ ನೆಟ್ಟಗೆ ನಡೆದರೆ ಮಾತ್ರ. ನಿಜವಾದ ಮೋಸ ಇರೋದು ಮೊದಲ ವರ್ಷಗಳಲ್ಲಿ. 5 ವರ್ಷ ತಪ್ಪದೆ ಕಟ್ಟಿ. ಒಟ್ಟು 26 ಲಕ್ಷ ನಿಮ್ಮ ಕೈಯಿಂದ ಹೋಗಿರುತ್ತೆ. ಸಾಲ ಎಷ್ಟು ಕಮ್ಮಿ ಆಗಿರುತ್ತೆ ಗೊತ್ತಾ? 6 ಲಕ್ಷವೂ ಇಲ್ಲ. ಇನ್ನೂ 44 ಲಕ್ಷ ಬಾಕಿ. 10 ವರ್ಷ ಕಟ್ಟಿದರೂ 35 ಲಕ್ಷ ಬಾಕಿ ಇರುತ್ತೆ. ಅವಧಿ ಅರ್ಧ ಮುಗೀತು, ಸಾಲ ನೂರಕ್ಕೆ ಎಪ್ಪತ್ತು ಹಾಗೇ ಇದೆ. ಮೊದಲು ತಮ್ಮ ಬಡ್ಡಿ ಎಲ್ಲ ಬಾಚಿಕೊಂಡು, ಆಮೇಲೆ ಉಳಿದ ಚಿಲ್ಲರೆಯನ್ನು ಅಸಲಿಗೆ ಹಾಕ್ತಾರೆ.

ಬ್ಯಾಂಕ್_ನಿವೃತ್ತ
ಗುಬ್ಬಚ್ಚಿಯವರ ಅಂಕಿ ಸರಿ ಇದೆ, ಆರೋಪ ಸರಿ ಇಲ್ಲ. ಈ ಮಾತನ್ನು ಕೌಂಟರಿನಲ್ಲಿ ಕೂತು ಕೇಳಿ ಕೇಳಿ ನನ್ನ ತಲೆ ಬೆಳ್ಳಗಾಗಿದೆ.

ಬಡ್ಡಿಯನ್ನು ಯಾರೂ "ಮೊದಲೇ" ತೆಗೆದುಕೊಳ್ಳುವುದಿಲ್ಲ. ಆ ತಿಂಗಳು ನಿಮ್ಮ ಹತ್ತಿರ ಎಷ್ಟು ಸಾಲ ಇತ್ತೋ ಅಷ್ಟಕ್ಕೆ ಮಾತ್ರ ಆ ತಿಂಗಳ ಬಡ್ಡಿ. ಮೊದಲ ತಿಂಗಳು 50 ಲಕ್ಷ ಪೂರ್ತಿ ನಿಮ್ಮ ಹತ್ತಿರ ಇದೆ. ಅದಕ್ಕೆ ಶೇ. 8.5ರ ಹನ್ನೆರಡನೇ ಒಂದು ಭಾಗ ಅಂದರೆ 35,417. ಕಂತಿನಲ್ಲಿ ಉಳಿದದ್ದು 7,974, ಅದು ಅಸಲಿಗೆ. ಎರಡನೇ ತಿಂಗಳು ಬಾಕಿ 49,92,026. ಬಡ್ಡಿ 35,360, ಅಸಲಿಗೆ 8,031. ಹೀಗೇ ತಿಂಗಳು ತಿಂಗಳು ಚೂರು ಚೂರೇ ಆ ಕಡೆಯಿಂದ ಈ ಕಡೆಗೆ ಸರಿಯುತ್ತಾ ಹೋಗುತ್ತದೆ. ಈ ಸಾಲದಲ್ಲಿ ಕಂತಿನ ಅರ್ಧ ಅಸಲಿಗೆ ಹೋಗುವ ಹೊತ್ತಿಗೆ ಹನ್ನೆರಡನೇ ವರ್ಷ ಮುಗಿಯಲು ಬಂದಿರುತ್ತದೆ.

ಕಂತು ಒಂದೇ ಸಮ ಇರಲಿ ಅಂತ ಕೇಳುವವರು ನಾವೇ. ಅಸಲನ್ನು ಸಮಭಾಗ ಮಾಡಿ ಕಟ್ಟುತ್ತೇನೆ ಅಂದರೆ ಮೊದಲ ಕಂತು 56 ಸಾವಿರ ದಾಟುತ್ತದೆ. ಯಾರು ಒಪ್ಪುತ್ತಾರೆ?

ಗುಬ್ಬಚ್ಚಿ
ಸಾರ್, ನೀವು ಯಾವ ಕಡೆ ಕೂತಿದ್ರಿ ಅಂತ ಗೊತ್ತಾಗುತ್ತೆ ಬಿಡಿ 😄 ಲೆಕ್ಕ ಸರಿ, ಆದರೆ ಸಹಿ ಹಾಕಿಸುವಾಗ ಈ 7,974ರ ವಿಷಯ ಯಾರಾದರೂ ಬಾಯಿಬಿಟ್ಟು ಹೇಳ್ತಾರಾ?

ಬ್ಯಾಂಕ್_ನಿವೃತ್ತ
ಅದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ. ಈಗ ಕಾಗದದಲ್ಲಾದರೂ ಕೊಡಲೇಬೇಕು. 2024ರ ಅಕ್ಟೋಬರ್ 1ರಿಂದ ರಿಸರ್ವ್ ಬ್ಯಾಂಕ್ ನಿಯಮದ ಪ್ರಕಾರ ಹೊಸ ಸಾಲಕ್ಕೆ ಕೆಎಫ್‌ಎಸ್ ಅನ್ನೋ, ಸಾಲದ ಮುಖ್ಯ ವಿವರಗಳ ಹಾಳೆ ಕೊಡುತ್ತಾರೆ. ಅದರಲ್ಲಿ ಎಪಿಆರ್, ಅಂದರೆ ಬಡ್ಡಿಯ ಜೊತೆ ಶುಲ್ಕಗಳನ್ನೂ ಸೇರಿಸಿದ ವಾರ್ಷಿಕ ದರ ಇರಬೇಕು, ಕಂತು ಕಂತಿನ ಪಟ್ಟಿಯೂ ಇರಬೇಕು. ನೀಲಿಕೊಡೆ ಅವರೇ, ಆ ಪಟ್ಟಿ ಕೈಗೆ ಬರುವ ತನಕ ಸಹಿ ಹಾಕಬೇಡಿ.

ಲೆಕ್ಕದಮೇಷ್ಟ್ರು
ಮೂಲ ಪ್ರಶ್ನೆಗೆ ಬರೋಣ. 54 ಲಕ್ಷ "ನಿಜವಾದ ಖರ್ಚು" ಅಲ್ಲ. ಇವತ್ತಿನ ರೂಪಾಯಿಯನ್ನೂ 20 ವರ್ಷದ ನಂತರದ ರೂಪಾಯಿಯನ್ನೂ ಒಂದೇ ಅಂತ ಕೂಡಿಸಿದ ಮೊತ್ತ ಅದು. ಬೆಲೆ ಏರಿಕೆ ವರ್ಷಕ್ಕೆ ಶೇ. 5 ಅಂತ ಹಿಡಿಯಿರಿ. ಕೊನೆಯ ಕಂತಿನ 43,391ಕ್ಕೆ ಇವತ್ತಿನ ಲೆಕ್ಕದಲ್ಲಿ 16 ಸಾವಿರದ ಆಸುಪಾಸು ಬೆಲೆ. 240 ಕಂತುಗಳನ್ನೂ ಹೀಗೇ ಇವತ್ತಿನ ಬೆಲೆಗೆ ಇಳಿಸಿ ಕೂಡಿದರೆ 66 ಲಕ್ಷ ಚಿಲ್ಲರೆ ಬರುತ್ತೆ, 1 ಕೋಟಿ 4 ಲಕ್ಷ ಅಲ್ಲ. ಅಂದರೆ ಬೆಲೆ ಏರಿಕೆ ಕಳೆದರೆ ನಿಮ್ಮ ಮೇಲೆ ಬೀಳುವ ಭಾರ 16 ಲಕ್ಷ.

ಇಲ್ಲಿ ಒಂದು ಷರತ್ತು ಇದೆ. ಬೆಲೆ ಏರಿದ ಹಾಗೆ ನಿಮ್ಮ ಸಂಬಳವೂ ಏರಬೇಕು. ಸಂಬಳ ನಿಂತಲ್ಲೇ ನಿಂತರೆ ಈ ಲೆಕ್ಕ ಪುಸ್ತಕದಲ್ಲೇ ಇರುತ್ತೆ.

ಎಕ್ಸೆಲ್‌ರಾಯ
ಮೇಷ್ಟ್ರೇ, ಇದನ್ನು ಓದಿದವರು "ಹಾಗಾದರೆ 30 ವರ್ಷವೇ ವಾಸಿ" ಅಂತ ಹೊರಡ್ತಾರೆ. ಅವರಿಗಾಗಿ:

15 ವರ್ಷ: ಕಂತು 49,237, ಬಡ್ಡಿ 38.6 ಲಕ್ಷ
20 ವರ್ಷ: ಕಂತು 43,391, ಬಡ್ಡಿ 54.1 ಲಕ್ಷ
30 ವರ್ಷ: ಕಂತು 38,446, ಬಡ್ಡಿ 88.4 ಲಕ್ಷ

20ರಿಂದ 30ಕ್ಕೆ ಹೋದರೆ ತಿಂಗಳಿಗೆ ಕಮ್ಮಿ ಆಗೋದು 4,945. ಜಾಸ್ತಿ ಆಗೋ ಬಡ್ಡಿ 34 ಲಕ್ಷ. ಕಂತು ನೂರಕ್ಕೆ ಹನ್ನೊಂದು ಕೂಡ ಇಳಿದಿಲ್ಲ ಅಂತ ಸರಿಯಾಗಿ ಹೇಳಬೇಕು ಅಂದರೆ 11.4 ಇಳಿದಿದೆ, ಅವಧಿ ನೂರಕ್ಕೆ ಐವತ್ತು ಏರಿದೆ. ಅವಧಿ ಉದ್ದ ಮಾಡಿದಷ್ಟೂ ಕಂತು ಇಳಿಯೋದು ನಿಧಾನ ಆಗುತ್ತೆ. ಯಾಕೆಂದರೆ ಕಂತು ಎಷ್ಟೇ ಎಳೆದರೂ 35,417ರ ಕೆಳಗೆ ಹೋಗಲ್ಲ. ಅದು ಬರೀ ಬಡ್ಡಿ.

ಸುಮ್ನೆ_ಓದುಗ
"ಹನ್ನೊಂದು ಕೂಡ ಇಳಿದಿಲ್ಲ ಅಂದರೆ 11.4 ಇಳಿದಿದೆ". ರಾಯರೇ, ಕಾಫಿ ಆಯ್ತಾ?

ಎಕ್ಸೆಲ್‌ರಾಯ
ಫೋನಿನಲ್ಲಿ ಟೈಪ್ ಮಾಡ್ತಾ ಇದೀನಿ ಗುರು. ಅಂಕಿ ನೋಡು, ವ್ಯಾಕರಣ ಬಿಡು.

ಶಾಂತಿ_ಕೆ
ನಾನು ಬೇಕಂತಲೇ 30 ವರ್ಷ ಹಾಕಿಸಿದ್ದೇನೆ. ಕಾರಣ ಇದೆ. ಬದಲಾಗುವ ದರದ ಸಾಲಕ್ಕೆ ಮುಂಚಿತವಾಗಿ ಎಷ್ಟು ಕಟ್ಟಿದರೂ ದಂಡ ಇಲ್ಲ. 38,446 ಕಡ್ಡಾಯ, ಆದರೆ ಕಟ್ಟೋದು 43,391. ಹಾಗೆ ಕಟ್ಟಿದರೆ 20 ವರ್ಷಕ್ಕೇ ಮುಗಿಯುತ್ತೆ, ಒಂದು ಪೈಸೆ ಹೆಚ್ಚಿಗೆ ಬಡ್ಡಿ ಇಲ್ಲ. ಕೆಲಸ ಹೋದ ತಿಂಗಳು, ಆಸ್ಪತ್ರೆ ಬಿಲ್ ಬಂದ ತಿಂಗಳು ಕಮ್ಮಿ ಕಟ್ಟಿದರೂ ಯಾರೂ ನೋಟಿಸ್ ಕಳಿಸಲ್ಲ.

ಗುಬ್ಬಚ್ಚಿ
ಶಾಂತಿ ಅಕ್ಕ, ನಿಮ್ಮಂಥವರು ನೂರಕ್ಕೆ ಒಬ್ಬರು. ಉಳಿದವರಿಗೆ ಆ 4,945 ಎರಡನೇ ತಿಂಗಳಿಂದಲೇ ಫೋನಿನ ಕಂತಿಗೆ ಹೋಗುತ್ತೆ.

ಶಾಂತಿ_ಕೆ
ತಿಂಗಳ 5ನೇ ತಾರೀಕು ತಾನಾಗೇ ಹೋಗೋ ಹಾಗೆ ಖಾತೆಗೆ ಸೂಚನೆ ಕೊಟ್ಟುಬಿಟ್ಟಿದ್ದೇನೆ. ಮನಸ್ಸಿನ ಮೇಲೆ ಬಿಟ್ಟಿಲ್ಲ.

ದೂರದೇಶಿ
ನಾನು ಬ್ರಿಟನ್ನಿನಲ್ಲಿದ್ದೇನೆ. ಇಲ್ಲಿ ಶಾಂತಿಯವರ ಉಪಾಯ ಪೂರ್ತಿ ನಡೆಯಲ್ಲ. ಸಾಮಾನ್ಯವಾಗಿ 2 ಅಥವಾ 5 ವರ್ಷಕ್ಕೆ ದರ ಕಟ್ಟಿಹಾಕಿ ಕೊಡ್ತಾರೆ. ಆ ಅವಧಿಯಲ್ಲಿ ವರ್ಷಕ್ಕೆ ಬಾಕಿಯ ಶೇ. 10ರಷ್ಟು ಮಾತ್ರ ಹೆಚ್ಚಿಗೆ ಕಟ್ಟಬಹುದು, ಅದಕ್ಕಿಂತ ಜಾಸ್ತಿ ಆದರೆ ದಂಡ. ಬಹಳ ಕಡೆ ಇದೇ ರೂಢಿ. ಅವಧಿ ಮುಗಿದ ಮೇಲೆ ಸುಮ್ಮನಿದ್ದರೆ ಅವರ ಮಾಮೂಲಿ ದರಕ್ಕೆ ಬೀಳ್ತೀರಿ, ಅದು ಹೆಚ್ಚಾಗಿಯೇ ಇರುತ್ತೆ. ಹಾಗಾಗಿ 25 ವರ್ಷದ ಒಟ್ಟು ಖರ್ಚು ಅಂತ ಕಾಗದದಲ್ಲಿ ಬರೆದಿರೋದು ಒಂದು ಊಹೆ ಅಷ್ಟೇ. ಎರಡು ವರ್ಷದ ನಂತರದ ದರ ಯಾರಿಗೆ ಗೊತ್ತು?

ಇಲ್ಲಿ ಬರೀ ಬಡ್ಡಿ ಮಾತ್ರ ಕಟ್ಟುವ ಸಾಲವೂ ಇತ್ತು, ಈಗಲೂ ಸ್ವಲ್ಪ ಇದೆ. ನೀಲಿಕೊಡೆಯವರ ಅಂಕಿಯಲ್ಲೇ ಹೇಳೋದಾದರೆ ತಿಂಗಳಿಗೆ 35,417 ಕಟ್ಟಿ, 20 ವರ್ಷ ಆದ ಮೇಲೆ 50 ಲಕ್ಷ ಹಾಗೇ ಬಾಕಿ. ಒಟ್ಟು 85 ಲಕ್ಷ ಬಡ್ಡಿ. 1980ರ ದಶಕದಲ್ಲಿ ಇದರ ಜೊತೆಗೆ ಒಂದು ವಿಮಾ ಉಳಿತಾಯ ಯೋಜನೆ ಅಂಟಿಸಿ, ಕೊನೆಗೆ ಅದರಿಂದ ಅಸಲು ತೀರುತ್ತೆ ಅಂತ ಮಾರಿದರು. ಎಷ್ಟೋ ಮನೆಗಳಿಗೆ ಆ ಹಣ ಸಾಕಾಗಲಿಲ್ಲ. ಅದರ ಪಕ್ಕದಲ್ಲಿ ಅಸಲು ಬಡ್ಡಿ ಎರಡೂ ತೀರುವ ನಮ್ಮ ಇಎಂಐ ಎಷ್ಟೋ ಮೇಲು.

ನೀಲಿಕೊಡೆ
ಇಷ್ಟು ಬೇಗ ಇಷ್ಟೊಂದು ಉತ್ತರ! ಎಲ್ಲರಿಗೂ ಥ್ಯಾಂಕ್ಸ್. ದರ ಬದಲಾದರೆ ಕಂತು ಬದಲಾಗಲ್ಲ, ಹೆದರಬೇಡಿ ಅಂತ ಆ ಹುಡುಗ ಹೇಳಿದ. ಅದು ಒಳ್ಳೆಯದೇ ಅಲ್ವಾ?

ಗುಬ್ಬಚ್ಚಿ
ಇಲ್ಲೇ ಇರೋದು ನೋಡಿ!! ಕಂತು ಬದಲಾಗಲ್ಲ, ಅವಧಿ ಬದಲಾಗುತ್ತೆ. ನಮ್ಮ ಅಣ್ಣನ ಸಾಲ ಹೀಗೇ ಆಯ್ತು. ಪ್ರತಿ ತಿಂಗಳು ಅದೇ ಮೊತ್ತ ಕಡಿತ ಆಗ್ತಾ ಇತ್ತು, ಎಲ್ಲ ಸರಿ ಇದೆ ಅಂದುಕೊಂಡಿದ್ದ. ಒಂದು ದಿನ ಸ್ಟೇಟ್‌ಮೆಂಟ್ ತೆಗೆಸಿದರೆ ಅವನು ನಿವೃತ್ತಿ ಆದ ಮೇಲೂ ಕಂತು ಉಳಿದಿದೆ. ಯಾರೂ ಒಂದು ಫೋನ್ ಮಾಡಿರಲಿಲ್ಲ.

ಎಕ್ಸೆಲ್‌ರಾಯ
ಅಂಕಿ ಹಾಕ್ತೀನಿ. ಕಂತು 43,391ಕ್ಕೇ ನಿಂತಿದೆ ಅನ್ನಿ. ಸಾಲ ತೆಗೆದ ಹೊಸತರಲ್ಲೇ ದರ 8.5ರಿಂದ 9.5 ಆಯ್ತು. 240 ತಿಂಗಳು 309 ತಿಂಗಳಾಗುತ್ತೆ. ಬರೀ ಒಂದು ಪರ್ಸೆಂಟಿಗೆ ಐದು ವರ್ಷ ಒಂಬತ್ತು ತಿಂಗಳು ಹೆಚ್ಚು.

10.5 ಆದರೆ? ತಿಂಗಳ ಬಡ್ಡಿಯೇ 43,750. ಕಂತು 43,391. ಬಡ್ಡಿಗೇ ಸಾಲಲ್ಲ! ಪ್ರತಿ ತಿಂಗಳು ಕಟ್ಟುತ್ತಾ ಹೋದರೂ ಸಾಲ ಬೆಳೀತಾ ಹೋಗುತ್ತೆ, ಮುಗಿಯೋದೇ ಇಲ್ಲ.

ಸುಮ್ನೆ_ಓದುಗ
ಎರಡು ಪರ್ಸೆಂಟ್ ಎಲ್ಲಿ ಏರುತ್ತೆ ಸ್ವಾಮಿ, ಸುಮ್ನೆ ಹೆದರಿಸಬೇಡಿ.

ಬ್ಯಾಂಕ್_ನಿವೃತ್ತ
ಏರಿದೆ. 2022ರ ಮೇ ತಿಂಗಳಿಗೆ ಮುಂಚೆ ರೆಪೊ ದರ, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ, ಶೇ. 4 ಇತ್ತು. 2023ರ ಫೆಬ್ರವರಿ ಹೊತ್ತಿಗೆ 6.5. ಒಂದು ವರ್ಷದೊಳಗೆ ಎರಡೂವರೆ ಪರ್ಸೆಂಟ್. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಬದಲಾಗುವ ದರದ ಮನೆ ಸಾಲಗಳನ್ನು ಇಂಥ ಹೊರಗಿನ ದರಕ್ಕೆ ಜೋಡಿಸಿದ್ದರಿಂದ ಆ ಏರಿಕೆ ನೇರವಾಗಿ ಸಾಲಗಾರರ ಮೇಲೆ ಬಂತು. ಅವಧಿ ಎಳೆದು ಎಳೆದು ಗಲಾಟೆ ಆದ ಮೇಲೆ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಕಂತು ಹೆಚ್ಚಿಸಬೇಕಾ, ಅವಧಿ ಹೆಚ್ಚಿಸಬೇಕಾ, ಎರಡೂ ಸ್ವಲ್ಪ ಸ್ವಲ್ಪ ಮಾಡಬೇಕಾ ಅಂತ ಸಾಲಗಾರನನ್ನು ಕೇಳಬೇಕು. ಕಂತು ಬಡ್ಡಿಗೂ ಸಾಕಾಗದ ಸ್ಥಿತಿ ಬರುವಷ್ಟು ಅವಧಿ ಎಳೆಯುವಂತಿಲ್ಲ. ಮೂರು ತಿಂಗಳಿಗೊಮ್ಮೆ ಕೊಡುವ ಸ್ಟೇಟ್‌ಮೆಂಟಿನಲ್ಲಿ ಉಳಿದ ಕಂತುಗಳ ಸಂಖ್ಯೆ ಇರಬೇಕು.

ನನ್ನ ಕೇಳಿದರೆ ಆ ಹಾಳೆಯಲ್ಲಿ ನೋಡಬೇಕಾದ್ದು ಆ ಒಂದು ಸಂಖ್ಯೆ. ಕಳೆದ ಸಲಕ್ಕಿಂತ ಮೂರು ಕಮ್ಮಿ ಇದೆಯಾ? ಇಲ್ಲ ಅಂದರೆ ತಕ್ಷಣ ಕೇಳಿ.

ದೂರದೇಶಿ
ಕೆನಡಾದಲ್ಲಿರುವ ನನ್ನ ಭಾವನಿಗೂ ಇದೇ ಕತೆ ಆಯ್ತು. ಅಲ್ಲಿಯೂ ಬದಲಾಗುವ ದರ, ಆದರೆ ಕಂತು ಮಾತ್ರ ಸ್ಥಿರ ಅನ್ನೋ ಸಾಲ ಇದೆ. 2022, 23ರಲ್ಲಿ ದರ ಏರಿದಾಗ ಬಹಳ ಜನರ ಕಂತು ಬಡ್ಡಿಗೂ ಸಾಲದೆ ಹೋಯ್ತು. ಅಮೆರಿಕದ ಗೆಳೆಯರು ಮಾತ್ರ ನಿಶ್ಚಿಂತೆ. ಅಲ್ಲಿ 30 ವರ್ಷಕ್ಕೂ ಒಂದೇ ದರ ಸಿಗುತ್ತೆ. ಅಲ್ಲಿನ ಸಾಲದ ಅಂತಿಮ ಪತ್ರದಲ್ಲಿ ಒಟ್ಟು ಬಡ್ಡಿ ಸಾಲದ ಎಷ್ಟು ಪರ್ಸೆಂಟ್ ಅಂತ ಒಂದು ಅಂಕಿ ಅಚ್ಚು ಹಾಕಿರ್ತಾರೆ. 2015ರಿಂದ ಹಾಗೆ. ನೀಲಿಕೊಡೆಯವರ ಸಾಲಕ್ಕೆ ಅದು ಸುಮಾರು 108 ಆಗ್ತಿತ್ತು.

ಹಳೇಬೇರು
ಕಂತು ಮುಂದೂಡಿದವರ ಕತೆ ಯಾರೂ ಹೇಳಲಿಲ್ಲ. 2020ರಲ್ಲಿ ಮಾರ್ಚ್‌ನಿಂದ ಆಗಸ್ಟ್‌ವರೆಗೆ ಆರು ತಿಂಗಳು ಕಂತು ಕಟ್ಟದೆ ಇರಬಹುದು ಅಂತ ಬಂತಲ್ಲ. ನಮ್ಮ ಆಫೀಸಿನಲ್ಲಿ ಸಂಬಳ ಸರಿಯಾಗಿ ಬರ್ತಾ ಇದ್ದವರೂ "ಆರು ತಿಂಗಳು ಫ್ರೀ" ಅಂತ ತೆಗೆದುಕೊಂಡರು. ಬಡ್ಡಿ ಮಾತ್ರ ನಿಲ್ಲಲಿಲ್ಲ. ಯಾರಾದರೂ ಅದರ ಲೆಕ್ಕ ಹಾಕ್ತೀರಾ?

ಎಕ್ಸೆಲ್‌ರಾಯ
ಇದೇ ಸಾಲ, ಮೊದಲ ಆರು ತಿಂಗಳು ಕಟ್ಟಲಿಲ್ಲ, ಬಡ್ಡಿ ಅಸಲಿಗೆ ಸೇರಿತು ಅನ್ನಿ. ಬಾಕಿ 52.16 ಲಕ್ಷ. ಅದೇ ಕಂತು ಕಟ್ಟಿದರೆ ಆಮೇಲೆ 270 ತಿಂಗಳು ಬೇಕು. ಬಿಟ್ಟಿದ್ದು 6 ಕಂತು, ಒಟ್ಟಿನಲ್ಲಿ ಹೆಚ್ಚಿಗೆ ಕಟ್ಟೋದು 30 ಕಂತು. 13 ಲಕ್ಷ.

ಇದೇ ಆರು ಕಂತನ್ನು 18ನೇ ವರ್ಷದಲ್ಲಿ ಬಿಟ್ಟರೆ ಇಷ್ಟು ಪೆಟ್ಟು ಬೀಳಲ್ಲ. ಸಾಲ ಹೊಸದಾಗಿದ್ದಾಗ ಎಡವಿದರೆ ಜಾಸ್ತಿ ನೋವು.

ಹಳೇಬೇರು
30 ಕಂತಾ!! ಇದನ್ನು ನಾಳೆ ಆಫೀಸಿನ ಗುಂಪಿಗೆ ಹಾಕ್ತೀನಿ. ಜಗಳ ಗ್ಯಾರಂಟಿ.

ಶಾಂತಿ_ಕೆ
ಹಾಗಾದರೆ ತಿರುಗಿಸಿ ನೋಡಿ. ಮೊದಲೇ ಸ್ವಲ್ಪ ಜಾಸ್ತಿ ಕಟ್ಟಿದರೆ ಅಷ್ಟೇ ಲಾಭ ಆಗಬೇಕಲ್ವಾ?

ಎಕ್ಸೆಲ್‌ರಾಯ
ಆಗುತ್ತೆ ಅಕ್ಕ. ಶುರುವಿನಲ್ಲೇ 1 ಲಕ್ಷ ಹೆಚ್ಚಿಗೆ ಕಟ್ಟಿ, ಕಂತು ಹಾಗೇ ಇಡಿ. ಕೊನೆಯ 12 ಕಂತು ಮಾಯ, ಅಂದರೆ 5.2 ಲಕ್ಷ. ಅದೇ 1 ಲಕ್ಷವನ್ನು 15ನೇ ವರ್ಷ ಮುಗಿದ ಮೇಲೆ ಕಟ್ಟಿದರೆ ಉಳಿಯೋದು ಮೂರೂವರೆ ಕಂತು, ಒಂದೂವರೆ ಲಕ್ಷ. ವರ್ಷಕ್ಕೊಂದು ಕಂತು ಹೆಚ್ಚಿಗೆ ಕಟ್ಟುತ್ತಾ ಬಂದರೆ 20 ವರ್ಷದ್ದು 16 ವರ್ಷ 9 ತಿಂಗಳಿಗೆ ಮುಗಿಯುತ್ತೆ. ಬಡ್ಡಿಯಲ್ಲಿ 10 ಲಕ್ಷ ಉಳಿತಾಯ.

ಹೆಚ್ಚಿಗೆ ಕಟ್ಟುವಾಗ ಒಂದು ಮಾತು ಬರೆದು ಕೊಡಿ: ಕಂತು ಇಳಿಸಬೇಡಿ, ಅವಧಿ ಇಳಿಸಿ.

ಲೆಕ್ಕದಮೇಷ್ಟ್ರು
ರಾಯರೇ, ಒಂದು ತಿದ್ದುಪಡಿ. 1 ಲಕ್ಷ ಶುರುವಿನಲ್ಲಿ ಕಟ್ಟಿದರೂ 15ನೇ ವರ್ಷದಲ್ಲಿ ಕಟ್ಟಿದರೂ ಆ ಹಣಕ್ಕೆ ಸಿಗುವ ಪ್ರತಿಫಲ ಒಂದೇ, ಶೇ. 8.5. ಮೊದಲನೆಯದು 19-20 ವರ್ಷ ಬೆಳೆಯುತ್ತೆ, ಎರಡನೆಯದು ಐದು ವರ್ಷ ಮಾತ್ರ. ಅದಕ್ಕೇ 5.2 ಲಕ್ಷ ದೊಡ್ಡದಾಗಿ ಕಾಣುತ್ತೆ. "15 ವರ್ಷ ಆದ ಮೇಲೆ ಮುಂಚಿತವಾಗಿ ಕಟ್ಟಿ ಪ್ರಯೋಜನ ಇಲ್ಲ, ಬಡ್ಡಿ ಎಲ್ಲ ಕಟ್ಟಿ ಆಗಿದೆ" ಅನ್ನೋ ಮಾತು ಎಲ್ಲ ಕಡೆ ಓಡಾಡ್ತಾ ಇದೆ. ಅದು ತಪ್ಪು. ಬಾಕಿ ಇರೋ ಪ್ರತಿ ರೂಪಾಯಿಗೂ ಇವತ್ತೂ 8.5 ಹೋಗ್ತಾನೇ ಇದೆ.

ನೋಟುಗಂಟು
ಎಲ್ಲರೂ ಸಾಲ ತೀರಿಸಿ ತೀರಿಸಿ ಅಂತೀರಿ. ಆ ದುಡ್ಡನ್ನು ಷೇರಿಗೆ ಹಾಕಿದರೆ ಶೇ. 12 ಬರುತ್ತೆ. ಮನೆ ಸಾಲ ಪ್ರಪಂಚದಲ್ಲೇ ಅಗ್ಗದ ಸಾಲ. 30 ವರ್ಷಕ್ಕೆ ತಗೊಳ್ಳಿ, ಒಂದು ಪೈಸೆ ಹೆಚ್ಚಿಗೆ ಕಟ್ಟಬೇಡಿ.

ಬ್ಯಾಂಕ್_ನಿವೃತ್ತ
12 ಬರುತ್ತೆ ಅಂತ ಯಾರು ಬರೆದುಕೊಟ್ಟಿದ್ದಾರೆ? ಸಾಲ ತೀರಿಸಿದರೆ 8.5 ಖಚಿತ, ಅದಕ್ಕೆ ತೆರಿಗೆಯೂ ಇಲ್ಲ.

ನೋಟುಗಂಟು
ತೆರಿಗೆ ಅಂದ್ರಲ್ಲ, ಬಡ್ಡಿಗೆ ತೆರಿಗೆ ವಿನಾಯಿತಿ ಇದೆ. ಅದನ್ನು ಯಾಕೆ ಮರೀತೀರಿ?

ಲೆಕ್ಕದಮೇಷ್ಟ್ರು
ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ವರ್ಷಕ್ಕೆ 2 ಲಕ್ಷದ ತನಕ ಬಡ್ಡಿ ಕಳೆಯಬಹುದು. ಈ ಸಾಲದಲ್ಲಿ ಮೊದಲ ವರ್ಷದ ಬಡ್ಡಿಯೇ 4.2 ಲಕ್ಷ, ಅಂದರೆ ಅರ್ಧಕ್ಕಿಂತ ಜಾಸ್ತಿ ಲೆಕ್ಕಕ್ಕೇ ಬರಲ್ಲ. ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ಅದೂ ಇಲ್ಲ. ಇನ್ನು 100 ಬಡ್ಡಿ ಕಟ್ಟಿ 30 ತೆರಿಗೆ ಉಳಿಸಿದರೆ 70 ಕೈಬಿಟ್ಟು ಹೋಯ್ತು ತಾನೇ?

ನೋಟುಗಂಟು
ಮೇಷ್ಟ್ರು ಮೇಷ್ಟ್ರೇ. ನಾನು ನನ್ನ ದಾರಿ ಬಿಡಲ್ಲ, ಹತ್ತು ವರ್ಷ ಬಿಟ್ಟು ಇಲ್ಲೇ ಸಿಗೋಣ.

ಟೀವಿರಾಮ
ಹತ್ತು ವರ್ಷ ಬಿಟ್ಟು ನೀಲಿಕೊಡೆಯವರಿಗೆ ಇನ್ನೂ 35 ಲಕ್ಷ ಬಾಕಿ ಇರುತ್ತೆ, ಅವರೂ ಬರ್ತಾರೆ.

ಕಾಗದದ_ದೋಣಿ
ಯಾರೂ ಮುಟ್ಟದ ಒಂದು ವಿಷಯ. ನಮಗೆ ಸಾಲ ಮಂಜೂರು ಆದ ಮೇಲೆ ಒಂದೇ ಕಂತಿನ ವಿಮೆ ಸೇರಿಸಿ ಕೊಟ್ಟರು. ಸುಮಾರು 2 ಲಕ್ಷ. "ಕೈಯಿಂದ ಏನೂ ಕೊಡೋದು ಬೇಡ, ಸಾಲದಲ್ಲೇ ಸೇರಿಸ್ತೀವಿ" ಅಂದರು. ಕಾಗದ ಓದ್ತಾ ಕೂತಿದ್ದಕ್ಕೆ ಆ ಸಾಲು ಕಣ್ಣಿಗೆ ಬಿತ್ತು. ವಿಮೆ ಇಲ್ಲದೆ ಫೈಲ್ ಮುಂದೆ ಹೋಗಲ್ಲ ಅಂತ ಬಾಯಲ್ಲಿ ಹೇಳಿದರು. ಅದನ್ನೇ ಬರೆದು ಕೊಡಿ ಅಂದೆ. ಮಾರನೇ ದಿನ ವಿಮೆ ಇಲ್ಲದೆಯೇ ಫೈಲ್ ಮುಂದೆ ಹೋಯ್ತು.

ಎಕ್ಸೆಲ್‌ರಾಯ
ಆ 2 ಲಕ್ಷಕ್ಕೂ 20 ವರ್ಷ ಬಡ್ಡಿ. ತಿಂಗಳಿಗೆ 1,736, ಒಟ್ಟು 4.17 ಲಕ್ಷ. ಟಾಪ್ ಅಪ್ ಸಾಲದಲ್ಲಿ, ಅಂದರೆ ಮನೆ ಸಾಲದ ಮೇಲೆ ಹೆಚ್ಚುವರಿಯಾಗಿ ಸಿಗೋ ಸಾಲದಲ್ಲಿ ಕಾರು ತಗೊಳ್ಳೋರಿಗೂ ಇದೇ ಮಾತು. 8 ಲಕ್ಷದ ಕಾರನ್ನು ಇದೇ ದರಕ್ಕೆ 20 ವರ್ಷ ಎಳೆದರೆ 16.66 ಲಕ್ಷ. ಕಾರು ಗುಜರಿಗೆ ಹೋದ ಮೇಲೂ ಕಂತು ಇರುತ್ತೆ.

ಬ್ಯಾಂಕ್_ನಿವೃತ್ತ
ವಿಮೆ ಬೇಡ ಅಂತ ನಾನು ಹೇಳಲ್ಲ. ಮನೆಯ ಆಧಾರ ಹೋದರೆ ಸಾಲ ಉಳಿದವರ ತಲೆ ಮೇಲೆ ಬೀಳುತ್ತೆ. ಟರ್ಮ್ ಪಾಲಿಸಿ ಪ್ರತ್ಯೇಕವಾಗಿ ಮಾಡಿಸಿ, ವರ್ಷ ವರ್ಷ ಕಟ್ಟಿ, ಸಾಲಕ್ಕೆ ಸೇರಿಸಬೇಡಿ. ಸಾಲ ಕೊಡುವವರು ತಾವೇ ವಸೂಲು ಮಾಡಿ ವಿಮಾ ಕಂಪನಿಗೆ ಕೊಡುವ ಹಣವೂ ಎಪಿಆರ್ ಒಳಗೆ ಬರಬೇಕು ಅಂತ ನಿಯಮ ಇದೆ. ಬಡ್ಡಿ ದರ 8.5, ಎಪಿಆರ್ 9ರ ಹತ್ತಿರ ಇದೆ ಅಂದರೆ ಮಧ್ಯದಲ್ಲಿ ಏನೋ ಕೂತಿದೆ. ಏನು ಅಂತ ಕೇಳಿ.

ಸುಮ್ನೆ_ಓದುಗ
ನನಗೆ ಒಬ್ಬರು ಶೇ. 5 ಫ್ಲಾಟ್ ದರಕ್ಕೆ ಕೊಡ್ತೀನಿ ಅಂತಿದ್ದಾರೆ. 8.5ಕ್ಕೆ ಹೋಲಿಸಿದರೆ ಬಂಪರ್ ಅಲ್ವಾ?

ಲೆಕ್ಕದಮೇಷ್ಟ್ರು
ಅಲ್ಲ. ಫ್ಲಾಟ್ ಅಂದರೆ ನೀವು ಎಷ್ಟೇ ತೀರಿಸಿದರೂ ಬಡ್ಡಿ ಮೊದಲಿನ 50 ಲಕ್ಷಕ್ಕೇ. 20 ವರ್ಷಕ್ಕೆ 50 ಲಕ್ಷ ಬಡ್ಡಿ, ಕಂತು 41,667. ಇಳಿಯುವ ಬಾಕಿಯ ಲೆಕ್ಕಕ್ಕೆ ತಂದರೆ ಅದು 7.95. ಈಗಲೂ 8.5ಕ್ಕಿಂತ ಕಮ್ಮಿಯೇ, ಆದರೆ 5 ಅಲ್ಲ. ಮಧ್ಯದಲ್ಲಿ ಸಾಲ ಮುಗಿಸ್ತೀನಿ ಅಂದರೆ ಉಳಿದ ಬಡ್ಡಿ ಬಿಡ್ತಾರಾ ಅಂತ ಬರಹದಲ್ಲಿ ಕೇಳಿ.

ಇನ್ನೊಂದು ಕೇಳಬೇಕಾದ್ದು: ಬಾಕಿ ಇಳಿಯೋದು ತಿಂಗಳಿಗೊಮ್ಮೆಯಾ, ವರ್ಷಕ್ಕೊಮ್ಮೆಯಾ? ಅದೇ 8.5, ಅದೇ 20 ವರ್ಷ, ವರ್ಷಕ್ಕೊಮ್ಮೆ ಮಾತ್ರ ಬಾಕಿ ಇಳಿಸಿದರೆ ಕಂತು 44,030. ಒಟ್ಟು ಒಂದೂವರೆ ಲಕ್ಷ ಹೆಚ್ಚು. ದರ ಒಂದೇ ಇದ್ದರೂ.

ನೀಲಿಕೊಡೆ
ನಮ್ಮದು ತಿಂಗಳಿಗೊಮ್ಮೆ ಇಳಿಯೋದು, ಈಗ ಕಾಗದ ತೆಗೆದು ನೋಡಿದೆ. 30 ವರ್ಷದ ಮಾತು ಬಿಟ್ಟೆವು. ವಿಮೆಯ ಸಾಲು ನಮ್ಮ ಕಾಗದದಲ್ಲೂ ಇದೆ!! ಸೋಮವಾರ ಕೇಳ್ತೀನಿ.

ಹಳೇಬೇರು
ಒಳ್ಳೆಯ ಚರ್ಚೆ ನಡೀತಿರೋವಾಗ ನನ್ನದೊಂದು. ನನ್ನದು ಹೆಚ್ಚು ಕಮ್ಮಿ ಇದೇ ಸಾಲ, 10 ವರ್ಷ ಆಗಿದೆ, 35 ಲಕ್ಷ ಬಾಕಿ. ಬೇರೆಯವರು ಶೇ. 8ಕ್ಕೆ ಕೊಡ್ತೀವಿ, ಕಂತು 29 ಸಾವಿರಕ್ಕೆ ಇಳಿಸ್ತೀವಿ ಅಂತ ದಿನಾ ಫೋನ್ ಮಾಡ್ತಿದ್ದಾರೆ. ವರ್ಗಾಯಿಸಲಾ?

ಎಕ್ಸೆಲ್‌ರಾಯ
ಅಣ್ಣ, 29 ಸಾವಿರ ಅಂದರೆ ಮತ್ತೆ 20 ವರ್ಷಕ್ಕೆ ಹಾಕಿದ್ದಾರೆ. ಈಗಿನ ಸಾಲದಲ್ಲಿ ನೀವು ಇನ್ನು ಕಟ್ಟಬೇಕಾದ್ದು 52 ಲಕ್ಷ. ಅವರದ್ದಕ್ಕೆ ಹೋದರೆ 70 ಲಕ್ಷ. ದರ ಇಳಿದಿದೆ, ಖರ್ಚು 18 ಲಕ್ಷ ಏರಿದೆ.

ಹಳೇಬೇರು
ಅಂದರೆ ಬೇಡ ಅಂತಲಾ?

ಎಕ್ಸೆಲ್‌ರಾಯ
ದರ ತಗೊಳ್ಳಿ, ಅವಧಿ ತಗೋಬೇಡಿ. ಶೇ. 8ಕ್ಕೆ ಹೋಗಿ ಈಗಿನ 43,391 ಕಂತೇ ಇಟ್ಟರೆ 120ರ ಬದಲು 116ನೇ ಕಂತಿಗೆ ಸರಿಸುಮಾರು ಮುಗಿಯುತ್ತೆ. ಉಳಿತಾಯ ಒಂದೂ ಮುಕ್ಕಾಲು ಲಕ್ಷದ ಹತ್ತಿರ. ಅದರಲ್ಲಿ ಪ್ರೊಸೆಸಿಂಗ್ ಫೀ, ಕಾಗದ ಪತ್ರದ ಖರ್ಚು, ವಕೀಲರ ಖರ್ಚು ಕಳೆಯಿರಿ.

ಬ್ಯಾಂಕ್_ನಿವೃತ್ತ
ಅದಕ್ಕೂ ಮೊದಲು ಈಗಿನವರ ಹತ್ತಿರವೇ ಹೋಗಿ. ಹೊಸ ಗಿರಾಕಿಗೆ ಎಷ್ಟು ದರ ಕೊಡ್ತಾ ಇದ್ದೀರಿ, ನನಗೂ ಅದನ್ನೇ ಕೊಡಿ ಅಂತ ಅರ್ಜಿ ಹಾಕಿ. ಸಣ್ಣ ಶುಲ್ಕ ತೆಗೆದುಕೊಂಡು ಇಳಿಸುವುದು ಉಂಟು. ಹೋಗುವಾಗ ಆ ಫೋನ್ ಮಾಡ್ತಿದ್ದವರ ಆಫರ್ ಪತ್ರ ಜೇಬಿನಲ್ಲಿರಲಿ.

ಹಳೇಬೇರು
ಪತ್ರ ಕೊಡಿ ಅಂದರೆ ಮೊದಲು ಪ್ಯಾನ್ ಕಾರ್ಡ್ ಕಳಿಸಿ ಅಂತಾರೆ ಸಾರ್. ವಾಟ್ಸಾಪ್‌ನಲ್ಲಿ ಬಂದ ಆಫರ್ ನಡೆಯುತ್ತಾ?

ಬ್ಯಾಂಕ್_ನಿವೃತ್ತ
ತೋರಿಸೋಕೆ ನಡೆಯುತ್ತೆ. ಪ್ಯಾನ್ ಕಾರ್ಡನ್ನು ಮಾತ್ರ ಫೋನ್ ಮಾಡಿದವರಿಗೆಲ್ಲ ಕಳಿಸಬೇಡಿ, ಶಾಖೆಗೇ ಹೋಗಿ ಕೊಡಿ.